ಹನ್ನೆರಡು ಜನ, ಐದು ಪಾರ್ಟು

ಭತ್ತದ ರಾಶಿ ಮುಗಿದು ಕೈಯಲ್ಲಿ ನಾಲ್ಕು ಕಾಸು ಓಡಾಡತೊಡಗಿದರೆ ಸಿರುಗುಪ್ಪ ಸೀಮೆಯ ಹುಡುಗರಿಗೆ ನಾಟಕದ ಹುಚ್ಚು ಹತ್ತುತ್ತದೆ. ದೊಡ್ಡಬಸವೇಶ್ವರನ ತೇರು ಎಳೆಯುವ ಕುರುಗೋಡಿನ ಸುತ್ತಲಿನ ಹಳ್ಳಿಗಳಲ್ಲೂ ಇದೇ ಪಾಡು. ಜಾತ್ರೆಗೊಂದು ‘ಕುರುಕ್ಷೇತ್ರ’ವೋ ‘ರಕ್ತರಾತ್ರಿ’ಯೋ ಆಗದಿದ್ದರೆ ಊರಿಗೆ ಮರ್ಯಾದೆ ಉಳಿಯುವುದಿಲ್ಲ. ಗುಡಿಯ ಕಟ್ಟೆಯ ಮೇಲೆ ಜನ ಸೇರುತ್ತಾರೆ, ಪಟ್ಟಿ ಎತ್ತುತ್ತಾರೆ, ಹಾರ್ಮೋನಿಯಂ ಮಾಸ್ತರರನ್ನು ಗೊತ್ತು ಮಾಡುತ್ತಾರೆ. ತಾಲೀಮು ಶುರುವಾಗುವ ಮುಂಚೆ ಒಂದು ಪಂಚಾಯ್ತಿ ಮಾತ್ರ ಇದ್ದೇ ಇರುತ್ತದೆ: ಯಾರಿಗೆ ಯಾವ ಪಾರ್ಟು?

“ಮಾಸ್ತರ್ರೇ, ನನಗ ಭೀಮನ ಪಾರ್ಟು ಕೊಡ್ರಿ, ಹೋದ ವರ್ಷಾನೂ ದೂತನ್ನ ಮಾಡಿದ್ರಿ” ಎನ್ನುವವನು ಪ್ರತಿ ಊರಿನಲ್ಲೂ ಒಬ್ಬನಿರುತ್ತಾನೆ.

ಅವನ ಅಹವಾಲನ್ನು ಸದ್ಯಕ್ಕೆ ಬದಿಗಿಡೋಣ. ಹನ್ನೆರಡು ಜನ ಉಮೇದುವಾರರಿದ್ದಾರೆ, ಹಂಚಬೇಕಾದ ಪಾರ್ಟು ಐದು: ಕೃಷ್ಣ, ದುರ್ಯೋಧನ, ಭೀಮ, ಕರ್ಣ, ಶಕುನಿ. ಕೃಷ್ಣನ ಪಾರ್ಟಿಗೆ ಹನ್ನೆರಡರಲ್ಲಿ ಯಾರಾದರೂ ಆದೀತು. ಅವನು ಕಿರೀಟ ಇಟ್ಟುಕೊಂಡ ಮೇಲೆ ದುರ್ಯೋಧನನಿಗೆ ಉಳಿದವರು ಹನ್ನೊಂದು ಮಂದಿ, ಭೀಮನಿಗೆ ಹತ್ತು, ಕರ್ಣನಿಗೆ ಒಂಬತ್ತು, ಶಕುನಿಗೆ ಎಂಟು. 12×11×10×9×8 ಎಂದರೆ 95,040. ಒಂದೊಂದು ಹಂಚಿಕೆಯನ್ನು ಬರೀ ಒಂದು ನಿಮಿಷ ಚರ್ಚಿಸಿದರೂ, ಹಗಲೂ ರಾತ್ರಿ ಕಟ್ಟೆ ಬಿಟ್ಟು ಏಳದೆ ಕೂತರೂ, ಪಂಚಾಯ್ತಿ ಮುಗಿಯಲು ಅರವತ್ತಾರು ದಿನ ಬೇಕು. ಅಷ್ಟರಲ್ಲಿ ತೇರು ಮನೆ ಸೇರಿರುತ್ತದೆ.

ಇಲ್ಲಿ ಗುಣಿಸಿದ್ದೇಕೆ, ಕೂಡಿಸಲಿಲ್ಲವೇಕೆ? ಕೃಷ್ಣನಾಗುವ ಹನ್ನೆರಡು ಸಾಧ್ಯತೆಗಳಲ್ಲಿ ಒಂದೊಂದರ ಬೆನ್ನಿಗೂ ದುರ್ಯೋಧನನಾಗುವ ಹನ್ನೊಂದು ಸಾಧ್ಯತೆಗಳಿವೆ. ಕವಲಿಗೊಂದು ಕವಲು. ಶಾಲೆಯಲ್ಲಿ ‘ಕ್ರಮಯೋಜನೆ’ ಎಂಬ ಪಾಠದಲ್ಲಿ ಬರುವ ಸೂತ್ರದ ಒಳಗೆ ಇದಕ್ಕಿಂತ ಹೆಚ್ಚಿನ ಗುಟ್ಟೇನೂ ಇಲ್ಲ. ಅದೇ ಹನ್ನೆರಡು ಜನರಲ್ಲಿ ಪಟ್ಟಿ ಎತ್ತಲು ಐದು ಮಂದಿಯನ್ನು ಕಳಿಸಬೇಕು ಎನ್ನಿ. ಅವರಲ್ಲಿ ಯಾರು ಮುಂದೆ, ಯಾರು ಹಿಂದೆ ಎಂಬುದು ಮುಖ್ಯವಲ್ಲ. ಆಗ ಒಂದೇ ಐವರ ಗುಂಪು 95,040ರ ಲೆಕ್ಕದಲ್ಲಿ 120 ಸಲ ಎಣಿಕೆಯಾಗಿರುತ್ತದೆ, ಏಕೆಂದರೆ ಐದು ಜನರನ್ನು ಐದು ಪಾರ್ಟಿಗೆ ಅದಲುಬದಲು ಮಾಡುವ ಬಗೆ 5×4×3×2×1. ಭಾಗಿಸಿದರೆ ಉಳಿಯುವುದು 792 ಗುಂಪುಗಳು ಮಾತ್ರ.

ಈ ಭಾಗಾಕಾರದ ಸಾಮಾನ್ಯ ಸೂತ್ರವನ್ನು ಮೊದಲು ಸ್ಪಷ್ಟವಾಗಿ ಬರೆದಿಟ್ಟವನು ಮಹಾವೀರಾಚಾರ್ಯ. ಕ್ರಿ.ಶ. 850ರ ಸುಮಾರಿಗೆ ರಚಿಸಿದ ‘ಗಣಿತಸಾರಸಂಗ್ರಹ’ದ ಆರಂಭದಲ್ಲಿ ಅವನು ಹೊಗಳುವುದು ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನನ್ನು. ಆ ದೊರೆಯ ರಾಜಧಾನಿ ಮಾನ್ಯಖೇಟ ಈಗಿನ ಕಲಬುರಗಿ ಜಿಲ್ಲೆಯ ಮಳಖೇಡ. ಸಿಹಿ, ಹುಳಿ, ಉಪ್ಪು, ಖಾರ, ಕಹಿ, ಒಗರು ಎಂಬ ಆರು ರಸಗಳನ್ನು ಒಂದೊಂದಾಗಿ, ಎರಡೆರಡಾಗಿ, ಹೀಗೆ ಆರನ್ನೂ ಕೂಡಿಸುವವರೆಗೆ ಎಷ್ಟು ಬಗೆಯಲ್ಲಿ ಬೆರೆಸಬಹುದು ಎಂಬುದು ಅವನ ಲೆಕ್ಕಗಳಲ್ಲೊಂದು. ಉತ್ತರ 63. ಬೆರಕೆಯಲ್ಲಿ ಕ್ರಮಕ್ಕೆ ಬೆಲೆಯಿಲ್ಲ. ಹುಳಿ ಮೊದಲು ಬಿತ್ತೋ ಉಪ್ಪು ಮೊದಲು ಬಿತ್ತೋ ಎಂದು ನಾಲಗೆ ಕೇಳುವುದಿಲ್ಲ.

ಪಾರ್ಟು ಹಂಚುವ ಬಗೆಯ ಲೆಕ್ಕ ಬೇಕಾದರೆ ಭಾಸ್ಕರಾಚಾರ್ಯನ ಬಳಿ ಹೋಗಬೇಕು. 1150ರ ‘ಲೀಲಾವತಿ’ಯ ಅಂಕಪಾಶ ಪ್ರಕರಣದಲ್ಲಿ ಅವನು ಶಿವನ ಹತ್ತು ಕೈಗಳಿಗೆ ಹತ್ತು ವಸ್ತುಗಳನ್ನು ಕೊಡುತ್ತಾನೆ: ಪಾಶ, ಅಂಕುಶ, ಸರ್ಪ, ಡಮರು, ಕಪಾಲ, ಶೂಲ, ಖಟ್ವಾಂಗ, ಶಕ್ತಿ, ಬಾಣ, ಬಿಲ್ಲು. ಕೈ ಬದಲಾಯಿಸುತ್ತ ಹೋದರೆ ಎಷ್ಟು ಮೂರ್ತಿಭೇದ? 36,28,800. ಅದೇ ಉಸಿರಿನಲ್ಲಿ ವಿಷ್ಣುವಿನ ನಾಲ್ಕು ಕೈಗಳಲ್ಲಿ ಶಂಖ, ಚಕ್ರ, ಗದೆ, ಪದ್ಮ ಎಷ್ಟು ಬಗೆಯಲ್ಲಿ ಕೂರಬಹುದು ಎಂದೂ ಕೇಳುತ್ತಾನೆ: 24. ಕೇಶವ, ನಾರಾಯಣ, ಮಾಧವ ಎಂದು ಸಂಧ್ಯಾವಂದನೆಯಲ್ಲಿ ಹೇಳುವ ಹೆಸರುಗಳೂ ಇಪ್ಪತ್ತನಾಲ್ಕೇ. ಹೊಯ್ಸಳರ ಶಿಲ್ಪಿಗಳು ಗುಡಿಯ ಗೋಡೆಯ ಮೇಲೆ ಈ ಚತುರ್ವಿಂಶತಿ ಮೂರ್ತಿಗಳನ್ನು ಕಡೆಯುವಾಗ ಯಾವ ಕೈಗೆ ಯಾವುದು ಎಂಬುದೊಂದರಿಂದಲೇ ಹೆಸರು ಬದಲಾಗುತ್ತಿತ್ತು. ಮುಖ ಒಂದೇ, ನಿಲುವು ಒಂದೇ, ವಸ್ತು ನಾಲ್ಕೇ. ಶಿವನಿಗೂ ಇದೇ ಕ್ರಮದಲ್ಲಿ ಬೇರೆ ಬೇರೆ ಹೆಸರಿಡಲು ಯಾರೂ ಹೊರಡಲಿಲ್ಲ. ಮೂವತ್ತಾರು ಲಕ್ಷ ಮೂರ್ತಿ ಕಡೆಯಲು ಬಳ್ಳಾರಿಯ ಬೆಟ್ಟಗಳ ಕಲ್ಲೂ ಸಾಲುತ್ತಿರಲಿಲ್ಲ.

ಎಣಿಸುವುದು ಒಂದಾದರೆ, ಎಣಿಸಿದ್ದರಲ್ಲಿ ಬೇಕಾದ್ದನ್ನು ಹುಡುಕಿ ತೆಗೆಯುವುದು ಇನ್ನೊಂದು. ಹದಿಮೂರನೆಯ ಶತಮಾನದಲ್ಲಿ ದೇವಗಿರಿಯ ಯಾದವ ಸಿಂಘಣನ ಆಶ್ರಯದಲ್ಲಿದ್ದ ಶಾರ್ಙ್ಗದೇವನಿಗೆ ಬಿದ್ದ ಸಮಸ್ಯೆ ಇದೇ. ಏಳು ಸ್ವರಗಳನ್ನು ಸಾಲಾಗಿ ಜೋಡಿಸುವ ಬಗೆ 5,040. ಅಷ್ಟನ್ನೂ ಒಂದು ಗೊತ್ತಾದ ಕ್ರಮದಲ್ಲಿ ಬರೆದಿದೆ ಎನ್ನಿ. ಅದರ ಎರಡು ಸಾವಿರದ ಹನ್ನೊಂದನೆಯ ಸಾಲು ಅಳಿಸಿಹೋಗಿದ್ದರೆ, ಮೊದಲಿನಿಂದ ಬರೆಯದೆ ನೇರವಾಗಿ ಅದೊಂದನ್ನೇ ತೆಗೆಯುವುದು ಹೇಗೆ? ಇದು ‘ನಷ್ಟ’. ಸಾಲು ಕೈಯಲ್ಲಿದ್ದರೆ ಅದು ಎಷ್ಟನೆಯದೆಂದು ಹೇಳುವುದು ‘ಉದ್ದಿಷ್ಟ’. ಎರಡಕ್ಕೂ ಅವನು ‘ಸಂಗೀತ ರತ್ನಾಕರ’ದಲ್ಲಿ ಖಂಡಮೇರು ಎಂಬ ಮನೆಗಳ ಕೋಷ್ಟಕ ಕೊಟ್ಟ, ಮನೆಗಳಲ್ಲಿ ಕಲ್ಲು ಸರಿಸಿ, ಅಂಕಿ ಕೂಡಿಸಿ ಉತ್ತರ ತೆಗೆಯುವುದು. ಈ ಗ್ರಂಥಕ್ಕೆ ಹದಿನೈದನೆಯ ಶತಮಾನದಲ್ಲಿ ‘ಕಲಾನಿಧಿ’ ಎಂಬ ವ್ಯಾಖ್ಯಾನ ಬರೆದವನು ವಿಜಯನಗರದ ಇಮ್ಮಡಿ ದೇವರಾಯನ ಆಸ್ಥಾನದ ಕಲ್ಲಿನಾಥ. ಹಂಪಿ ಮೊನ್ನೆ ಮೊನ್ನೆಯವರೆಗೆ, ಎಂದರೆ 2021ರವರೆಗೆ, ಬಳ್ಳಾರಿ ಜಿಲ್ಲೆಯಲ್ಲೇ ಇತ್ತು.

ಉಪಾಯದ ಜೀವಾಳ ಚಿಕ್ಕದು. ನಾಲ್ಕು ಜನ, ನಾಲ್ಕು ಪಾರ್ಟು, 24 ಹಂಚಿಕೆ. ಜನರಿಗೆ 1, 2, 3, 4 ಎಂದು ನಂಬರು ಕೊಟ್ಟು, ಹಂಚಿಕೆಗಳನ್ನು ಚಿಕ್ಕ ಅಂಕಿಯಿಂದ ದೊಡ್ಡದಕ್ಕೆ ಏರಿಸಿ ಬರೆಯೋಣ: 1234 ಮೊದಲನೆಯದು, 4321 ಕೊನೆಯದು. (ಶಾರ್ಙ್ಗದೇವನ ಪ್ರಸ್ತಾರದ ಕ್ರಮ ಬೇರೆ, ತರ್ಕ ಇದೇ.) ಹದಿನೈದನೆಯದು ಯಾವುದು? ಅದರ ಹಿಂದೆ ಹದಿನಾಲ್ಕು ಆಗಿಹೋಗಿವೆ. ಮೊದಲ ಪಾರ್ಟು ಒಬ್ಬನಿಗೆ ಖಾಯಂ ಆದರೆ ಉಳಿದವರ ಅದಲುಬದಲು 6. ಹದಿನಾಲ್ಕರಲ್ಲಿ ಆರು ಎರಡು ಸಲ ಹೋಗಿ 2 ಉಳಿಯಿತು. ಎಂದರೆ ಇಬ್ಬರ ಸರದಿ ಮುಗಿದಿದೆ, ಮೊದಲ ಪಾರ್ಟು ಮೂರನೆಯವನದು. ಉಳಿದವರು 1, 2, 4. ಎರಡನೆಯ ಪಾರ್ಟು ಒಬ್ಬನಿಗೆ ಕೊಟ್ಟರೆ ಉಳಿಯುವ ಬಗೆ 2. ಬಾಕಿ ಎರಡರಲ್ಲಿ ಅದು ಒಂದು ಸಲ ಹೋಗುತ್ತದೆ, ಹಾಗಾಗಿ ಒಬ್ಬನನ್ನು ಬಿಟ್ಟು ಮುಂದಿನವನು, ಅಂದರೆ 2. ಶೇಷವೇನೂ ಇಲ್ಲ, ಉಳಿದಿಬ್ಬರು ಇದ್ದ ಕ್ರಮದಲ್ಲೇ. ಉತ್ತರ 3214. ಇಪ್ಪತ್ತನಾಲ್ಕರಲ್ಲಿ ಇದು ಆಟ ಎನಿಸಬಹುದು. ಹತ್ತು ಜನರಿದ್ದಾಗ ಮೂವತ್ತಾರು ಲಕ್ಷ ಸಾಲು ಬರೆಯುವ ಕಷ್ಟವನ್ನು ಒಂಬತ್ತು ಭಾಗಾಕಾರಗಳು ತಪ್ಪಿಸುತ್ತವೆ. ಇಂದಿನ ಗಣಕ ಪಠ್ಯಗಳಲ್ಲಿ ಇದೇ ವಿಧಾನ ಅಮೆರಿಕದ ಗಣಿತಜ್ಞ ಲೇಮರ್‌ನ ಹೆಸರಿನಲ್ಲಿದೆ.

ಈಗ ಬಳ್ಳಾರಿ ನಗರಕ್ಕೆ ಬರೋಣ. ಮಹಾನಗರ ಪಾಲಿಕೆಯ ವಾರ್ಡುಗಳು 39, ಸದಸ್ಯರೂ ಅಷ್ಟೇ. ಮೇಯರ್ ಒಬ್ಬರು, ಉಪಮೇಯರ್ ಒಬ್ಬರು. ಪಕ್ಷ, ಜಾತಿ, ಬಣ, ರೆಸಾರ್ಟು ಎಲ್ಲ ಮರೆತು ಬರೀ ಲೆಕ್ಕ ಹಾಕಿದರೆ 39×38, ಅಂದರೆ 1,482 ಜೋಡಿ. ಏಳು ಜನರ ಸಮಿತಿಯೊಂದನ್ನು ಆರಿಸುವುದಾದರೆ ಸ್ಥಾನಗಳಿಗೆ ಪ್ರತ್ಯೇಕ ಹೆಸರಿಲ್ಲದಿದ್ದರೂ 1,53,80,937 ಬಗೆ. ಇಷ್ಟೊಂದು ಸ್ವಾತಂತ್ರ್ಯ ಯಾವ ಪಾಲಿಕೆಗೂ ಸಿಗುವುದಿಲ್ಲ. ಮೀಸಲಾತಿ ಪಟ್ಟಿ ಬರುತ್ತದೆ.

ಮೇಯರ್ ಸ್ಥಾನ ಸಾಮಾನ್ಯ, ಉಪಮೇಯರ್ ಸ್ಥಾನ ಮಹಿಳೆಗೆ ಎಂದಿರಲಿ. 39ರಲ್ಲಿ ಮಹಿಳೆಯರು 20 ಎಂದು ಲೆಕ್ಕದ ಸಲುವಾಗಿ ಇಟ್ಟುಕೊಳ್ಳೋಣ. ದೊಡ್ಡ ಕುರ್ಚಿಯಿಂದಲೇ ಶುರುಮಾಡುವುದು ರೂಢಿ. ಮೇಯರ್‌ಗೆ 39 ಆಯ್ಕೆ, ಸರಿ. ಉಪಮೇಯರ್‌ಗೆ? ಇಲ್ಲಿ ಲೆಕ್ಕ ತಡವರಿಸುತ್ತದೆ. ಮೇಯರ್ ಆದವರು ಮಹಿಳೆಯಾದರೆ ಉಳಿದ ಮಹಿಳೆಯರು 19, ಪುರುಷರಾದರೆ 20. ಎರಡು ಸಂದರ್ಭಗಳನ್ನು ಬೇರೆ ಬೇರೆ ಮಾಡಿ, 20×19 ಮತ್ತು 19×20 ಕೂಡಿಸಿದರೆ 760. ಅದೇ ಕಿರಿದಾದ ಬಾಗಿಲಿನ ಸ್ಥಾನವನ್ನು ಮೊದಲು ತುಂಬಿದರೆ? ಉಪಮೇಯರ್‌ಗೆ 20, ಆಮೇಲೆ ಮೇಯರ್‌ಗೆ ಉಳಿದ 38ರಲ್ಲಿ ಯಾರಾದರೂ: 20×38, ಮತ್ತೆ 760. ಒಂದೇ ಸಾಲಿನಲ್ಲಿ ಮುಗಿಯಿತು. ನಿರ್ಬಂಧ ಹೆಚ್ಚಿರುವ ಸ್ಥಾನದಿಂದ ಆರಂಭಿಸು ಎಂಬ ಈ ಮಾತನ್ನು ಪಿಯುಸಿ ಮೇಷ್ಟ್ರು ಎಷ್ಟು ಸಲ ಹೇಳಿದರೂ ಪರೀಕ್ಷೆಯಲ್ಲಿ ಹುಡುಗರು ಮೇಯರ್‌ನಿಂದಲೇ ಶುರುಮಾಡುತ್ತಾರೆ.

ಚುನಾವಣಾ ಆಯೋಗದ್ದು ಇದಕ್ಕೆ ತಿರುವುಮುರುವಾದ ಚಿಂತೆ: ಯಾರೂ ಯಾರನ್ನೂ ಆರಿಸಬಾರದು. ಮತಗಟ್ಟೆಗೆ ಹೋಗುವ ತಂಡದಲ್ಲಿ ಅಧ್ಯಕ್ಷಾಧಿಕಾರಿ ಒಬ್ಬರು. ಮತದಾರರ ಪಟ್ಟಿ ನೋಡುವವರೊಬ್ಬರು, ಬೆರಳಿಗೆ ಶಾಯಿ ಹಚ್ಚುವವರೊಬ್ಬರು, ಯಂತ್ರದ ಕಂಟ್ರೋಲ್ ಯೂನಿಟ್ ಬಳಿ ಕೂರುವವರೊಬ್ಬರು. ನೂರು ನೌಕರರಿಂದ ಈ ನಾಲ್ಕು ಕೆಲಸ ತುಂಬುವ ಬಗೆ 9,41,09,400. ಗಣಕಯಂತ್ರ ಇದರಲ್ಲಿ ಕಣ್ಣುಮುಚ್ಚಿ ಒಂದನ್ನು ಎತ್ತುತ್ತದೆ, ಅದೂ ಮೂರು ಹಂತದಲ್ಲಿ. ಮೊದಲು ಯಾರು ಹೋಗಬೇಕೆಂದು, ಆಮೇಲೆ ಯಾರ ಜೊತೆ ಯಾವ ಕ್ಷೇತ್ರಕ್ಕೆಂದು, ಕೊನೆಗೆ ಯಾವ ಮತಗಟ್ಟೆಗೆಂದು. ಮಸ್ಟರಿಂಗ್ ಕೇಂದ್ರದಲ್ಲಿ ಚೀಲ, ಯಂತ್ರ ಕೈಗೆ ಬರುವ ಹೊತ್ತಿಗಷ್ಟೇ ಸಿರುಗುಪ್ಪಕ್ಕೆ ಬಂದ ಮೇಷ್ಟರಿಗೆ ತಮ್ಮ ಊರು ಯಾವುದೆಂದು ತಿಳಿಯುವುದು. ಅಲ್ಲೂ ಅಧ್ಯಕ್ಷಾಧಿಕಾರಿಯ ದರ್ಜೆ ಇಷ್ಟಿರಬೇಕು ಎಂಬ ಷರತ್ತಿದೆ. ಷರತ್ತಿಲ್ಲದ ಹಂಚಿಕೆ ಪಠ್ಯಪುಸ್ತಕದ ಹೊರಗೆ ಸಿಗುವುದು ಅಪರೂಪ.

ನಾಟಕದ ಇತಿಹಾಸದಲ್ಲೂ ಒಂದು ಷರತ್ತು ನಡುವೆ ಬಂದು ಸೇರಿಕೊಂಡಿತು. ಬಳ್ಳಾರಿಯಲ್ಲಿ ಧರ್ಮಾವರಂ ಕೃಷ್ಣಮಾಚಾರ್ಯರ ಸರಸ ವಿನೋದಿನಿ ಸಭಾ, ಕೋಲಾಚಲಂ ಶ್ರೀನಿವಾಸರಾಯರ ಸುಮನೋರಮಾ ಸಭಾ ಎದುರುಬದುರಾಗಿ ನಾಟಕ ಆಡುತ್ತಿದ್ದ ಕಾಲಕ್ಕೆ ದ್ರೌಪದಿಯೂ ಗಂಡಸೇ, ಕುಂತಿಯೂ ಗಂಡಸೇ. ವೃತ್ತಿಯಿಂದ ವಕೀಲರಾಗಿದ್ದ ಬಳ್ಳಾರಿ ರಾಘವ (1880–1946) ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡಬೇಕು ಎಂದು ಪಟ್ಟುಹಿಡಿದು, ನಟಿಯರನ್ನು ರಂಗಕ್ಕೆ ಕರೆತಂದರು. ಗಣಿತದ ಕಣ್ಣಿನಲ್ಲಿ ಆದದ್ದಿಷ್ಟು. ಹಿಂದಿನ ಪದ್ಧತಿಯಲ್ಲಿ ಹನ್ನೆರಡು ಗಂಡಸರು ಐದು ಗಂಡು, ಎರಡು ಹೆಣ್ಣು ಪಾರ್ಟು ಹಂಚಿಕೊಳ್ಳುವ ಬಗೆ 39,91,680. ಹೊಸ ಪದ್ಧತಿಯಲ್ಲಿ ಹನ್ನೆರಡು ಗಂಡಸರು ಐದಕ್ಕೆ, ಮೂವರು ನಟಿಯರು ಎರಡಕ್ಕೆ: 95,040×6, ಅಂದರೆ 5,70,240. ಆಯ್ಕೆಗಳು ಏಳರಲ್ಲೊಂದಕ್ಕೆ ಇಳಿದವು, ರಂಗ ಗೆದ್ದಿತು. ‘ರಕ್ತರಾತ್ರಿ’ಯ ದ್ರೌಪದಿಯಾಗಿ ಈ ಸೀಮೆಯ ಜನರ ಮನಸ್ಸಿನಲ್ಲಿ ನಿಂತ ಬಳ್ಳಾರಿಯ ಸುಭದ್ರಮ್ಮ ಮನ್ಸೂರರನ್ನು (ಅವರು 2020ರಲ್ಲಿ ತೀರಿಕೊಂಡರು) ನೋಡಿದವರಿಗೆ ಈ ನಷ್ಟದ ಬಗ್ಗೆ ದುಃಖವಿರಲಾರದು. ಇಂದಿಗೂ ಹಳ್ಳಿ ನಾಟಕದಲ್ಲಿ ಗಂಡು ಪಾರ್ಟು ಊರವರದು. ಹೆಣ್ಣು ಪಾರ್ಟಿಗೆ ಬಳ್ಳಾರಿಯಿಂದಲೋ ಮರಿಯಮ್ಮನಹಳ್ಳಿಯಿಂದಲೋ ಕಲಾವಿದೆಯರನ್ನು ಕರೆಸುತ್ತಾರೆ.

ಗಂಡು–ಹೆಣ್ಣು ಎಂಬ ಷರತ್ತು ಸುಲಭದ್ದು, ಪಟ್ಟಿಯನ್ನು ಎರಡು ಹೋಳು ಮಾಡಿದರೆ ಮುಗಿಯಿತು. ನಿಜವಾದ ತಲೆನೋವು ಮಾಸ್ತರರದು. ಅವರ ಮುಂದೆ ನಾಲ್ವರು ಕೂತಿದ್ದಾರೆ, ಹೆಸರು ಲೆಕ್ಕಕ್ಕಷ್ಟೇ. ಹಂಚಬೇಕಾದ ಪಾರ್ಟೂ ನಾಲ್ಕು: ಕೃಷ್ಣ, ಭೀಮ, ಕರ್ಣ, ಶಕುನಿ. ಎರ್ರಿಸ್ವಾಮಿಗೆ ಕಂಠ ಚೆನ್ನಾಗಿದೆ, ಹಾಡಿರುವ ಕೃಷ್ಣ ಅಥವಾ ಕರ್ಣ ಬೇಕು. ಗಾದಿಲಿಂಗನ ಮೈಕಟ್ಟಿಗೆ ಭೀಮ, ಇಲ್ಲವೇ ಕರ್ಣ. ಹುಲುಗಪ್ಪನ ನಗೆಗೆ ಶಕುನಿ ಹೇಳಿಮಾಡಿಸಿದ್ದು, ಕೃಷ್ಣನೂ ನಡೆದೀತು. ಹೊನ್ನೂರಪ್ಪ ಯಾವುದಾದರೂ ಸೈ. ಎರ್ರಿಸ್ವಾಮಿಗೆ ಕೃಷ್ಣ ಕೊಟ್ಟರೆ ಹುಲುಗಪ್ಪನಿಗೆ ಶಕುನಿಯೇ ಗತಿ, ಗಾದಿಲಿಂಗನಿಗೆ ಎರಡರಲ್ಲಿ ಒಂದು: 2 ಬಗೆ. ಕರ್ಣ ಕೊಟ್ಟರೆ ಗಾದಿಲಿಂಗ ಭೀಮನೇ, ಹುಲುಗಪ್ಪನಿಗೆ ಎರಡರಲ್ಲಿ ಒಂದು: ಮತ್ತೆ 2. ಉಳಿದದ್ದು ಹೊನ್ನೂರಪ್ಪನ ಪಾಲು. ಇಪ್ಪತ್ತನಾಲ್ಕರಲ್ಲಿ ಬದುಕಿದ್ದು ನಾಲ್ಕು.

ಒಂದೂ ಬದುಕದೇ ಹೋಗಬಹುದು. ಮೂವರು “ಕೃಷ್ಣ ಅಥವಾ ಕರ್ಣ, ಬೇರೆ ಮಾಡಂಗಿಲ್ಲ” ಎಂದು ಕೂತರೆ ಎರಡು ಪಾರ್ಟನ್ನು ಮೂವರಿಗೆ ಹಂಚಲು ಬ್ರಹ್ಮನಿಗೂ ಆಗದು. ಸೋಜಿಗವೆಂದರೆ ಅಡ್ಡಿ ಎಂಬುದು ಇದೊಂದೇ ಬಗೆಯದು. ಇಷ್ಟು ಜನ ಸೇರಿ ತಮ್ಮ ಸಂಖ್ಯೆಗಿಂತ ಕಡಿಮೆ ಪಾರ್ಟುಗಳಿಗೆ ಗಂಟುಬಿದ್ದಿರುವ ಗುಂಪು ಎಲ್ಲಿಯೂ ಇಲ್ಲ ಎಂದಾದರೆ, ಎಲ್ಲರಿಗೂ ಒಪ್ಪಿಗೆಯಾಗುವ ಹಂಚಿಕೆ ಕನಿಷ್ಠ ಒಂದಾದರೂ ಇದ್ದೇ ಇರುತ್ತದೆ. ಇದನ್ನು 1935ರಲ್ಲಿ ಸಾಧಿಸಿ ತೋರಿಸಿದವನು ಇಂಗ್ಲೆಂಡಿನ ಫಿಲಿಪ್ ಹಾಲ್. ಗಣಿತಜ್ಞರು ಅದನ್ನು ಹೆಣ್ಣು–ಗಂಡು ಕೂಡಿಸುವ ಮದುವೆಯ ಪ್ರಮೇಯ ಎಂದು ಕರೆಯುತ್ತಾರೆ. ಪಾರ್ಟು ಹಂಚುವ ಪ್ರಮೇಯ ಎಂದಿದ್ದರೂ ತಪ್ಪಾಗುತ್ತಿರಲಿಲ್ಲ.

ಹಾಗಾದರೆ ಅಂಥ ಒಂದು ಹಂಚಿಕೆಯನ್ನು ಹುಡುಕುವುದು ಕಷ್ಟವೇ? ಇಲ್ಲ. ಸುಮ್ಮನೆ ಒಪ್ಪುವುದಷ್ಟೇ ಅಲ್ಲ, ಒಬ್ಬೊಬ್ಬನಿಗೆ ಒಂದೊಂದು ಪಾರ್ಟು ಎಷ್ಟು ಒಪ್ಪುತ್ತದೆ ಎಂದು ಅಂಕ ಕೊಟ್ಟು, ಒಟ್ಟು ಅಂಕ ಅತಿ ಹೆಚ್ಚು ಬರುವ ಹಂಚಿಕೆಯನ್ನೂ ಬೇಗ ಕಂಡುಹಿಡಿಯಬಹುದು. ಹಂಗೇರಿಯ ಕೋನಿಗ್ ಮತ್ತು ಎಗರ್ವಾರಿ 1931ರಲ್ಲಿ ಬರೆದದ್ದನ್ನು ಆಧರಿಸಿ ಅಮೆರಿಕದ ಹೆರಾಲ್ಡ್ ಕೂನ್ 1955ರಲ್ಲಿ ಇದಕ್ಕೆ ವಿಧಾನ ಕೊಟ್ಟ, ಅವರ ಗೌರವಕ್ಕೆ ‘ಹಂಗೇರಿಯನ್ ವಿಧಾನ’ ಎಂದು ಹೆಸರಿಟ್ಟ. ಸಾವಿರ ಜನ, ಸಾವಿರ ಪಾರ್ಟು ಇದ್ದರೂ ಸಾಮಾನ್ಯ ಲ್ಯಾಪ್‌ಟಾಪ್ ಸಾಕು.

ಆದರೆ “ಒಪ್ಪುವ ಹಂಚಿಕೆ ಒಟ್ಟು ಎಷ್ಟಿವೆ, ಎಣಿಸಿ ಹೇಳು” ಎಂದರೆ ಅದೇ ಯಂತ್ರ ಕೈಚೆಲ್ಲುತ್ತದೆ. ಇಪ್ಪತ್ತು ಜನ, ಇಪ್ಪತ್ತು ಪಾರ್ಟು ಎಂದರೆ ಷರತ್ತಿಲ್ಲದೆ ಸುಮಾರು 24 ಲಕ್ಷ ಲಕ್ಷ ಕೋಟಿ ಹಂಚಿಕೆ. ಒಂದೊಂದನ್ನೂ ಪರೀಕ್ಷಿಸುವ ಬದಲು ಹರ್ಬರ್ಟ್ ರೈಸರ್ 1963ರಲ್ಲಿ ಕೊಟ್ಟ ಸೂತ್ರ ಹಿಡಿದರೆ ಇಪ್ಪತ್ತಕ್ಕೆ ಸುಮಾರು ಹತ್ತು ಲಕ್ಷ ಪದಗಳನ್ನು ಕೂಡಿ ಕಳೆದರಾಯಿತು, ಅದು ಕ್ಷಣದ ಕೆಲಸ. ತೊಂದರೆಯೇನೆಂದರೆ ಒಬ್ಬೊಬ್ಬ ನಟ ಹೆಚ್ಚಾದಂತೆ ಕೆಲಸ ಇಮ್ಮಡಿಯಾಗುತ್ತ ಹೋಗುತ್ತದೆ. ನೂರಕ್ಕೆ ಬರುವಷ್ಟರಲ್ಲಿ ಭೂಮಿಯ ಮೇಲಿನ ಗಣಕಗಳೆಲ್ಲ ಸೇರಿದರೂ ಸಾಗದು. 1979ರಲ್ಲಿ ಲೆಸ್ಲಿ ವೇಲಿಯಂಟ್ ಇದು ನಮ್ಮ ಜಾಣತನದ ಕೊರತೆಯಲ್ಲ, ಲೆಕ್ಕದ್ದೇ ಸ್ವಭಾವವಿರಬೇಕು ಎಂಬುದಕ್ಕೆ ಬಲವಾದ ಆಧಾರ ಕೊಟ್ಟ: ಈ ಎಣಿಕೆಗೆ ಚುರುಕಾದ ದಾರಿ ಸಿಕ್ಕರೆ, ಕಷ್ಟವೆಂದು ಹೆಸರಾದ ದೊಡ್ಡದೊಂದು ವರ್ಗದ ಎಣಿಕೆಗಳಿಗೆಲ್ಲ ಸಿಕ್ಕಂತೆಯೇ. ಒಂದನ್ನು ಹುಡುಕುವುದು ಸಲೀಸು, ಎಷ್ಟಿವೆ ಎನ್ನುವುದು ದುಸ್ಸಾಧ್ಯ. ಇದು ಎಲ್ಲರ ಊಹೆಗೂ ಉಲ್ಟಾ. ಷರತ್ತು ಹೆಚ್ಚಾದಷ್ಟೂ ಹಂಚಿಕೆಗಳು ಕಡಿಮೆಯಾಗುತ್ತವೆ, ಕಡಿಮೆ ಇದ್ದದ್ದನ್ನು ಎಣಿಸುವುದು ಸುಲಭವಾಗಬೇಕಿತ್ತಲ್ಲ? ಷರತ್ತಿಲ್ಲದ 24 ಲಕ್ಷ ಲಕ್ಷ ಕೋಟಿಯನ್ನು ಇಪ್ಪತ್ತು ಗುಣಾಕಾರದಲ್ಲಿ ಹೇಳಿದೆವು. ಯಾರು ಯಾವುದಕ್ಕೆ ಒಪ್ಪುವುದಿಲ್ಲ ಎಂಬ ವಿವರ ಬಂದೊಡನೆ ಆ ಅಚ್ಚುಕಟ್ಟು ಹೋಯಿತು. ಮೊದಲ ಪಾರ್ಟು ಯಾರಿಗೆ ಹೋಯಿತು ಎಂಬುದರ ಮೇಲೆ ಎರಡನೆಯದರ ಆಯ್ಕೆ, ಅದರ ಮೇಲೆ ಮೂರನೆಯದರದು. ಪಾಲಿಕೆಯ ಲೆಕ್ಕದಲ್ಲಿ ಒಂದೇ ಕವಲಿತ್ತು, ಇಲ್ಲಿ ಕವಲೊಳಗೆ ಕವಲು.

ಹಳ್ಳಿ ನಾಟಕದಲ್ಲಿ ಇನ್ನೊಂದು ಮಾಮೂಲು ಸಂಗತಿ: ಜನ ಸಾಲದೆ ಒಬ್ಬನೇ ಎರಡು ಪಾರ್ಟು ಮಾಡುವುದು. ಮೊದಲ ಅಂಕದ ದೂತ ಮೀಸೆ ಬದಲಾಯಿಸಿ ಮೂರನೆಯ ಅಂಕದಲ್ಲಿ ಋಷಿಯಾಗುತ್ತಾನೆ. ಇಲ್ಲಿರುವ ನಿಯಮ ಒಂದೇ, ರಂಗದ ಮೇಲೆ ಎದುರುಬದುರಾಗುವ ಎರಡು ಪಾರ್ಟು ಒಬ್ಬನದಾಗಕೂಡದು. ಕೃಷ್ಣ, ದುರ್ಯೋಧನ, ಭೀಮ ಪರಸ್ಪರ ಎದುರಾಗುತ್ತಾರೆ, ದೂತ ದುರ್ಯೋಧನನ ಎದುರು ಮಾತ್ರ ಬರುತ್ತಾನೆ ಎನ್ನಿ. ಹನ್ನೆರಡು ಜನರಿದ್ದರೆ ಮೂವರು ದೊಡ್ಡವರಿಗೆ 12×11×10 ಬಗೆ, ದೂತನಿಗೆ ದುರ್ಯೋಧನನನ್ನು ಬಿಟ್ಟು ಉಳಿದ 11 ಜನರಲ್ಲಿ ಯಾರಾದರೂ ಆದೀತು: 14,520. ಇಬ್ಬಗೆ ವೇಷ ಬೇಡವೆಂದಿದ್ದರೆ 11,880 ಆಗುತ್ತಿತ್ತು.

ಇದೇ ಲೆಕ್ಕ ಗಣಿತದಲ್ಲಿ ಬೇರೊಂದು ವೇಷದಲ್ಲಿ ಬಂದಿತ್ತು. 1912ರಲ್ಲಿ ಅಮೆರಿಕದ ಜಾರ್ಜ್ ಬರ್ಕಾಫ್ ಭೂಪಟಕ್ಕೆ ಬಣ್ಣ ಹಚ್ಚುವ ಬಗೆಗಳನ್ನು ಎಣಿಸಲು ಹೊರಟ. ಅಕ್ಕಪಕ್ಕದ ಎರಡು ರಾಜ್ಯಗಳಿಗೆ ಒಂದೇ ಬಣ್ಣ ಬೀಳಬಾರದು. ರಾಜ್ಯಗಳ ಜಾಗದಲ್ಲಿ ಪಾರ್ಟುಗಳನ್ನೂ, ಬಣ್ಣಗಳ ಜಾಗದಲ್ಲಿ ನಟರನ್ನೂ ಇಟ್ಟರೆ ಮೇಲಿನ ನಾಟಕವೇ. ಪ್ರತಿಯೊಂದು ಪಾರ್ಟೂ ಮಿಕ್ಕೆಲ್ಲದರ ಎದುರು ಬರುವ ನಾಟಕಕ್ಕೆ ಅವನ ಸೂತ್ರ ಕೊಡುವ ಉತ್ತರ 12×11×10×9×8, ನಮಗೆ ಆಗಲೇ ಪರಿಚಯವಾದದ್ದು.

ಯಾವ ಎರಡು ಪಾರ್ಟಿಗೂ ಎದುರುಬದುರಿನ ತೊಡಕಿಲ್ಲದ ರಂಗವೂ ಬಳ್ಳಾರಿ ಸೀಮೆಯಲ್ಲೇ ಇದೆ, ತೊಗಲುಗೊಂಬೆಯಾಟ. ಕಿಳ್ಳೇಕ್ಯಾತರ ಮನೆತನಗಳು ಕಾಪಾಡಿಕೊಂಡು ಬಂದ, ಬೆಳಗಲ್ಲು ವೀರಣ್ಣನವರು (ಅವರು 2023ರಲ್ಲಿ ತೀರಿಕೊಂಡರು) ನಾಡಿನ ಆಚೆಗೂ ಒಯ್ದ ಈ ಆಟದಲ್ಲಿ ಪರದೆಯ ಹಿಂದಿನ ಒಬ್ಬನೇ ರಾಮನಾಗಿಯೂ ರಾವಣನಾಗಿಯೂ ಮಾತಾಡಿ ತನ್ನೊಡನೆ ತಾನೇ ಜಗಳ ಕಾಯಬಲ್ಲ. ಮೂರು ದನಿಗಳು ಐದು ಗೊಂಬೆಗಳನ್ನು ಮಾತಾಡಿಸಬೇಕು ಎಂದರೆ ಒಂದೊಂದು ಗೊಂಬೆಗೂ ಮೂರು ಆಯ್ಕೆ, ಕೊನೆಯವರೆಗೂ ಮೂರೇ: 3×3×3×3×3, ಒಟ್ಟು 243. ದನಿ ಒಂದೇ ಆದರೆ ಗೊಂಬೆ ಐದಿರಲಿ ಐವತ್ತಿರಲಿ, ಹಂಚಿಕೆ ಒಂದೇ.